ಏಳನೆಯ ಚೌಕ

“ಆಸ್ಪತ್ರೆ ಫೈಲು ಮುಟ್ಟಲ್ಲ, ಓದಲ್ಲ ಅಂತ ಬರ್ಕೊಟ್ಟಿದ್ದೀನಿ ಸಾರ್. ನಿಮ್ಮ ಜೇಬಿನ ಕಾಗದ ನೋಡಲ್ಲ ಅಂತ ಬರ್ಕೊಟ್ಟಿಲ್ವಲ್ಲ!”

ಹಾಗೆಂದು ಕೋಡಕ್ಕ ಎರಡೂ ಕೈಗಳನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು, ಇನ್ಸ್‌ಪೆಕ್ಟರ್ ಮೇಜಿನ ಮೇಲೆ ಬಿಡಿಸಿಟ್ಟ ಹಾಳೆಯ ಕಡೆಗೆ ಬಗ್ಗಿದಳು. ರೆಕಾರ್ಡ್ ರೂಮಿನ ಗೋಡೆ ಗಡಿಯಾರದಲ್ಲಿ ಹನ್ನೊಂದು ಗಂಟೆ ಹತ್ತು ನಿಮಿಷ. ಮೂರು ಗಂಟೆಗೆ ಅವಳ ತಮ್ಮನನ್ನು ನ್ಯಾಯಾಧೀಶರ ಮುಂದೆ ನಿಲ್ಲಿಸುವವರಿದ್ದರು.

ಮೊನ್ನೆ ಮಧ್ಯಾಹ್ನ ಗಡಿಯಾರ ರಿಪೇರಿಯ ಅಜ್ಜ ತಾನಿರುವ ಕಟ್ಟಡದ ಮೆಟ್ಟಿಲ ಬುಡದಲ್ಲಿ ತಲೆಯೊಡೆದು ಬಿದ್ದಿದ್ದ. ಅದೇ ಕಟ್ಟಡದ ಲಿಫ್ಟ್ ರಿಪೇರಿಗೆ ಹೋಗಿದ್ದ ತಮ್ಮ ಅಂದು ಸಂಜೆಯಿಂದ ಸ್ಟೇಷನ್ನಿನಲ್ಲಿದ್ದ, ನಿನ್ನೆ ಸಂಜೆ ಬಂಧನವೆಂದು ಬರೆದುಕೊಂಡು ಲಾಕಪ್ಪಿಗೆ ಹಾಕಿದ್ದರು. ಅಜ್ಜನಿಗೆ ಇನ್ನೂ ಪ್ರಜ್ಞೆ ಬಂದಿರಲಿಲ್ಲ.

“ನೋಡ್ಕೊಳ್ಳಿ,” ಎಂದರು ಇನ್ಸ್‌ಪೆಕ್ಟರ್. ಅವರಿಗೆ ಎರಡು ದಿನದಿಂದ ಹಲ್ಲುನೋವು. ಎಡಗೆನ್ನೆ ಊದಿ, ಮಾತೆಲ್ಲ ಬಲಗಡೆಯಿಂದಲೇ ಹೊರಬರುತ್ತಿತ್ತು. “ಇದು ನಾನು ಹೇಳಿದ್ದಲ್ಲ. ನಿಮ್ಮ ಆಸ್ಪತ್ರೇನೇ ಹೇಳಿದ್ದು. ನಾಲ್ಕನೇ ಸಾಲು. ಮೊಂಡು ವಸ್ತುವಿನಿಂದ ಹಲ್ಲೆ. ನಿಮ್ಮ ತಮ್ಮನ ಚೀಲದಲ್ಲಿ ಸಿಕ್ಕಿದ್ದೇನು? ಒಂದೂವರೆ ಕೇಜಿ ಸ್ಪ್ಯಾನರು. ಅದಕ್ಕಿಂತ ಮೊಂಡು ವಸ್ತು ಇನ್ಯಾವ್ದು ಬೇಕು?”

“ಅವ್ನು ಲಿಫ್ಟ್ ಮೆಕ್ಯಾನಿಕ್ ಸಾರ್. ಚೀಲದಲ್ಲಿ ಸ್ಪ್ಯಾನರ್ ಇಟ್ಕೊಳ್ದೆ ಹೂವಿನ ಹಾರ ಇಟ್ಕೊಳ್ತಾನಾ?”

“ಜಗಳ ಆಡಿದ್ದನ್ನ ಅಕ್ಕಪಕ್ಕದ ಮನೆಯವರು ಕೇಳಿಸ್ಕೊಂಡಿದ್ದಾರೆ.”

“ಜಗಳ ಆಡಿದೋರನ್ನೆಲ್ಲ ಒಳಗೆ ಹಾಕೋದಾದ್ರೆ ನಿಮ್ಮ ಸ್ಟೇಷನ್ನಿಗೆ ಇನ್ನೂ ಹತ್ತು ಮಹಡಿ ಕಟ್ಟಿಸ್ಬೇಕಾಗುತ್ತೆ.”

ಬಾಯಿ ಹೀಗೆ ಪಟಪಟ ಅನ್ನುತ್ತಿದ್ದರೂ ಕೋಡಕ್ಕನ ಒಳಗೆ ಭಯವಿತ್ತು. ಹತ್ತೊಂಬತ್ತು ವರ್ಷದಿಂದ ಅವಳು ಈ ಕೋಣೆಯಲ್ಲಿ ಕೂತು ಡಾಕ್ಟರುಗಳ ಬರಹವನ್ನು ಅಂಕಿ-ಅಕ್ಷರದ ಕೋಡುಗಳಾಗಿ ಬದಲಿಸುತ್ತಿದ್ದಳು. ಜಾರಿಬಿದ್ದವರಿಗೊಂದು, ನಾಯಿ ಕಚ್ಚಿದವರಿಗೊಂದು, ಹೆಂಡತಿಯ ಕೈಲಿ ಹೊಡೆತ ತಿಂದು ‘ಬಾಗಿಲು ಬಡೀತು’ ಎನ್ನುವವರಿಗೊಂದು. ಡಾಕ್ಟರು ಬರೆದದ್ದಕ್ಕಿಂತ ಒಂದು ಅಕ್ಷರ ಹೆಚ್ಚಿಗೆ ಊಹಿಸಿದವಳಲ್ಲ. ಅನುಮಾನ ಬಂದರೆ ಹಳದಿ ಚೀಟಿ ಬರೆದು ಡಾಕ್ಟರಿಗೇ ಕಳಿಸುವಳು, ಉತ್ತರ ಬರುವವರೆಗೂ ಬಿಡುತ್ತಿರಲಿಲ್ಲ. ಅವಳಿಗೆ ಆ ಹೆಸರಿಟ್ಟವರು ಡಾಕ್ಟರುಗಳೇ. ಅವಳಿಗೇನು ಕೋಡು ಬಂದಿದೆಯೇ ಎಂದು ಗೊಣಗುತ್ತಲೇ ಚೀಟಿಗೆ ಉತ್ತರ ಬರೆಯುತ್ತಿದ್ದರು.

ತಮ್ಮನ ಹೆಸರು ಈ ಕೇಸಿಗೆ ತಗಲಿಕೊಂಡ ಗಳಿಗೆಯಲ್ಲೇ ಅವಳು ಮೇಲಧಿಕಾರಿಗೆ ಬರೆದುಕೊಟ್ಟಿದ್ದಳು. ಅಜ್ಜನ ಯಾವ ಫೈಲನ್ನೂ ನಾನು ಮುಟ್ಟುವುದಿಲ್ಲ, ತೆರೆಯುವುದಿಲ್ಲ, ಓದುವುದಿಲ್ಲ ಎಂದು. ನಾಳೆ ಯಾರೂ ‘ಅಕ್ಕ ತಿದ್ದಿದಳು, ತಮ್ಮ ಬಚಾವಾದ’ ಅನ್ನಬಾರದು. ಹಾಗಾಗಿ ಆ ಕೇಸಿನ ಕೆಲಸವೆಲ್ಲ ಎದುರು ಮೇಜಿನ ಎರಡ್ಬೆರಳಣ್ಣನ ಪಾಲಿಗೆ ಬಂದಿತ್ತು.

ಎರಡ್ಬೆರಳಣ್ಣನಿಗೆ ಐವತ್ತೇಳು. ಎರಡೇ ಬೆರಳಿನಲ್ಲಿ ಟೈಪ್ ಮಾಡುವವರು. ಅಕ್ಷರಗಳನ್ನು ಒಂದೊಂದಾಗಿ ಹುಡುಕಿ, ಸಿಕ್ಕಿದೊಡನೆ ತಪ್ಪಿಸಿಕೊಂಡು ಹೋಗದಂತೆ ಗಟ್ಟಿಯಾಗಿ ಒತ್ತುವರು. ಆದರೆ ಕೈಬರಹ ಮುತ್ತಿನಂಥದ್ದು, ಪೊಲೀಸರಿಗೆ ಹೋಗುವ ಕಾಗದಗಳನ್ನೆಲ್ಲ ಅವರೇ ಬರೆಯುವುದು. ಅವರ ಕನ್ನಡಕದ ಒಂದು ಕಾಲು ಮುರಿದು ವರ್ಷವಾಗಿತ್ತು. ಗಾಯಕ್ಕೆ ಹಚ್ಚುವ ಬಿಳಿ ಟೇಪನ್ನು ಅದಕ್ಕೆ ಸುತ್ತಿಕೊಂಡೇ ಕಾಲ ಹಾಕುತ್ತಿದ್ದರು. “ಹೊಸದು ಮಾಡಿಸ್ಕೊಳ್ಳಿ ಅಣ್ಣಾ” ಎಂದರೆ, “ನಂಗೇನು ಹಿಂದಿಲ್ಲ ಮುಂದಿಲ್ಲ, ಯಾರು ನೋಡ್ಬೇಕು ತಂಗೀ” ಎಂದು ನಗುವರು. ಕೋಡಕ್ಕನಿಗೆ ಈ ಕೋಣೆಯಲ್ಲಿ ಯಾರ ಮೇಲಾದರೂ ನಂಬಿಕೆ ಇದ್ದರೆ ಅದು ಅವರ ಮೇಲೆ.

“ಸಾರ್,” ಎಂದಳು ಕೋಡಕ್ಕ, ಹಾಳೆಯಿಂದ ಕಣ್ಣೆತ್ತದೆ. “ಈ ಎರಡನೇ ಸಾಲಲ್ಲಿ ಏನಿದೆ, ಓದಿದ್ರಾ?”

“ಓದಿದೆ. ತಲೆಗೆ ಪೆಟ್ಟು, ಕಾರಣ ಖಚಿತ ಇಲ್ಲ ಅಂತ.”

“ಮತ್ತೆ?”

“ಮತ್ತೇನಮ್ಮ? ಒಂದು ಸಾಲು ‘ಗೊತ್ತಿಲ್ಲ’ ಅನ್ನುತ್ತೆ, ಇನ್ನೊಂದು ಸಾಲು ‘ಹಲ್ಲೆ’ ಅನ್ನುತ್ತೆ. ನಾನು ಗೊತ್ತಿಲ್ಲದವನ ಮಾತು ಕೇಳ್ಲಾ, ಗೊತ್ತಿರೋನ ಮಾತು ಕೇಳ್ಲಾ?”

ಕೋಡಕ್ಕನ ಕಣ್ಣು ನಾಲ್ಕನೆಯ ಸಾಲಿನಲ್ಲಿ ನೆಟ್ಟಿತ್ತು. ಎರಡ್ಬೆರಳಣ್ಣನ ಅಂದವಾದ ಬರಹ. ಮಾತಿನ ಪಕ್ಕದಲ್ಲೇ ಅದರ ಕೋಡು, ಚೌಕಕ್ಕೊಂದು ಅಕ್ಷರ. ವೈ, ಸೊನ್ನೆ, ಸೊನ್ನೆ, ಆಮೇಲೆ ಮೂರು ಎಕ್ಸ್. ಆರು ಚೌಕ, ಆರೂ ಭರ್ತಿ. ಕೆಳಗೆ ಆಸ್ಪತ್ರೆಯ ಮೊಹರು.

ಅವಳು ಮತ್ತೊಮ್ಮೆ ಎಣಿಸಿದಳು. ಆರೇ.

ಕಂಕುಳಲ್ಲಿ ಸಿಕ್ಕಿಸಿದ್ದ ಕೈ ತನ್ನಷ್ಟಕ್ಕೇ ಈಚೆ ಬರಲು ನೋಡಿತು. ಅವಳು ಅದನ್ನು ಮತ್ತೆ ಒಳಗೆ ತುರುಕಿದಳು.

“ಅಣ್ಣಾ, ಇದು ಹಳೇ ಫಾರಂ ಅಲ್ವಾ?”

ಎರಡ್ಬೆರಳಣ್ಣ ಕನ್ನಡಕ ಸರಿಪಡಿಸಿಕೊಂಡು ಇಣುಕಿದರು. ನೋಡುತ್ತಲೇ ನಾಲಿಗೆ ಕಚ್ಚಿಕೊಂಡರು. “ಅಯ್ಯೋ ತಂಗೀ! ಹೌದಲ್ಲ. ಹೊಸ ಕಟ್ಟು ಮುಗಿದುಹೋಗಿತ್ತು. ಕಪಾಟಿನ ಬುಡದಲ್ಲಿ ಇದು ಸಿಕ್ತು, ಅದ್ರಲ್ಲೇ ಬರ್ದುಬಿಟ್ಟೆ. ಪೊಲೀಸ್ನೋರು ಬಾಗಿಲಲ್ಲಿ ನಿಂತು ಅವಸರ ಮಾಡ್ತಿದ್ರು, ನನ್ನ ಕರ್ಮ!”

“ಏನು ಹಳೇದು, ಏನು ಹೊಸದು?” ಇನ್ಸ್‌ಪೆಕ್ಟರ್ ಕೆನ್ನೆ ಒತ್ತಿಕೊಂಡರು. “ಹನ್ನೆರಡೂವರೆಗೆ ನಂಗೆ ನಿಮ್ಮ ಹಲ್ಲಿನ ಡಾಕ್ಟ್ರ ಹತ್ರ ಟೈಮ್ ಇದೆ. ಬೇಗ ಹೇಳಿ.”

ಕೋಡಕ್ಕ ನೆಟ್ಟಗೆ ಕೂತಳು. ಎರಡು ದಿನದಲ್ಲಿ ಮೊದಲ ಬಾರಿಗೆ ಅವಳ ದನಿಯಲ್ಲಿ ಬಿಸಿ ಬಂತು.

“ಸಾರ್, ಈ ಕೋಡಿಗೆ ಏಳು ಮನೆ. ಮೊದಲ ಮೂರು, ಏನಾಯ್ತು ಅಂತ ಹೇಳುತ್ತೆ. ಮೊಂಡು ವಸ್ತುವಿನಿಂದ ಹಲ್ಲೆ. ಅದು ಸರಿ. ನಡುವಿನ ಮೂರು ಎಕ್ಸಿಗೆ ಅರ್ಥವೇ ಇಲ್ಲ. ಬಸ್ಸಲ್ಲಿ ಸೀಟು ಹಿಡಿಯೋಕೆ ಕರ್ಚೀಫು ಹಾಕ್ತಾರಲ್ಲ, ಹಾಗೆ. ಏಳನೆಯವರು ಬಂದು ಕೂತ್ಕೊಳ್ಳೋವರೆಗೂ ಜಾಗ ಖಾಲಿ ಇರಬಾರ್ದು ಅಂತ.”

“ಏಳನೆಯವರು ಯಾರು?”

“ಅದೇ ಸಾರ್ ಎಲ್ಲ. ಗಾಯ ಹೊಸದಾ, ಹಳೇದಾ ಅಂತ ಹೇಳೋದು ಅದೊಂದೇ. ಏಳನೇ ಚೌಕದಲ್ಲಿ ಎ ಅಂತಿದ್ರೆ, ಪೆಟ್ಟಿಗೆ ಈಗ ಚಿಕಿತ್ಸೆ ಶುರು. ಡಿ ಅಂತಿದ್ರೆ, ಯಾವಾಗ್ಲೋ ಬಿದ್ದ ಪೆಟ್ಟು, ಚಿಕಿತ್ಸೆ ಆಗಿ ವಾಸಿ ಆಗ್ತಿದೆ. ಹಳೇ ಫಾರಂ ಅಚ್ಚು ಹಾಕಿಸಿದ ಪುಣ್ಯಾತ್ಮ ಆರೇ ಚೌಕ ಹೊಡೆಸಿದ್ದ. ಏಳನೇ ಅಕ್ಷರ ಕಾಗದದಿಂದ ಹೊರಗೆ ಬಿದ್ದುಹೋಗಿದೆ. ಅದಕ್ಕೇ ಎರಡು ವರ್ಷದ ಹಿಂದೆ ಹೊಸ ಫಾರಂ ಮಾಡಿಸಿದ್ದು.”

ಇನ್ಸ್‌ಪೆಕ್ಟರ್ ಕೆನ್ನೆಯಿಂದ ಕೈ ತೆಗೆದರು. ಅವರು ಒರಟರೇ ಹೊರತು ದಡ್ಡರಲ್ಲ.

“ಒಂದು ಚೌಕ ಖಾಲಿ ಇದ್ದಿದ್ರೆ ನಾನೇ ಕೇಳ್ತಿದ್ದೆ,” ಎಂದರು ನಿಧಾನವಾಗಿ.

“ಅದೇ ತೊಂದ್ರೆ ಸಾರ್. ತುಂಬಿದ ಬಸ್ಸು ನೋಡಿ ಯಾರು ಬಿಟ್ಟುಹೋದ್ರು ಅಂತ ಯಾರು ಕೇಳ್ತಾರೆ?”

“ಹಾಗಾದ್ರೆ ಏಳನೇ ಅಕ್ಷರ ಏನು?”

“ನಾನು ಹೇಳೋಹಾಗಿಲ್ಲ. ನೋಡಿಲ್ಲ, ನೋಡೋದೂ ಇಲ್ಲ.” ಕೋಡಕ್ಕ ಕುರ್ಚಿಯನ್ನು ಕಿಟಕಿಯ ಕಡೆಗೆ ತಿರುಗಿಸಿಕೊಂಡು ಕೂತಳು. “ಅಣ್ಣಾ, ಕಂಪ್ಯೂಟರಲ್ಲಿ ತೆಗೀರಿ. ಸಾರ್ ಓದ್ಲಿ.”

ಎರಡ್ಬೆರಳಣ್ಣ ಟೈಪ್ ಮಾಡತೊಡಗಿದರು. ಟಕ್. ಬಹಳ ಹೊತ್ತಿನ ಮೇಲೆ ಇನ್ನೊಂದು ಟಕ್. ಕೋಡಕ್ಕನಿಗೆ ಜೀವಮಾನದಲ್ಲಿ ಆ ಎರಡು ಬೆರಳುಗಳ ಮೇಲೆ ಅಷ್ಟು ಕೋಪ ಬಂದಿರಲಿಲ್ಲ. ಉಳಿದ ಎಂಟು ಬೆರಳುಗಳನ್ನು ದೇವರು ಇವರಿಗೆ ಯಾಕಾದರೂ ಕೊಟ್ಟ ಎನ್ನಿಸಿತು. ಕಿಟಕಿಯ ಹೊರಗೆ ಆಂಬುಲೆನ್ಸಿನವನು ಗಾಡಿಯ ಗಾಜು ಒರೆಸುತ್ತಿದ್ದ. ಅವನು ಇಡೀ ಗಾಜು ಒರೆಸಿ ಮುಗಿಸಿದರೂ ಇಲ್ಲಿ ಪಾಸ್‌ವರ್ಡ್ ಮುಗಿದಿರಲಿಲ್ಲ.

“ಬಂತು ಸಾರ್,” ಎಂದರು ಎರಡ್ಬೆರಳಣ್ಣ ಕೊನೆಗೂ.

ಇನ್ಸ್‌ಪೆಕ್ಟರ್ ಕುರ್ಚಿ ಎಳೆದ ಸದ್ದಾಯಿತು. ಕೋಡಕ್ಕ ಆಂಬುಲೆನ್ಸಿನ ಚಕ್ರ ನೋಡುತ್ತಿದ್ದಳು.

“ಡಿ,” ಎಂದರು ಇನ್ಸ್‌ಪೆಕ್ಟರ್.

ಅಷ್ಟೇ. ಒಂದೇ ಅಕ್ಷರ. ಕೋಡಕ್ಕನಿಗೆ ಹೊಟ್ಟೆಗೆ ಹಾಲು ಹುಯ್ದಂತಾಯಿತು. ಕಂಕುಳಲ್ಲಿದ್ದ ಕೈಗಳು ಆಗ ಸಡಿಲವಾದವು, ಜೋಮು ಹಿಡಿದಿದ್ದವು.

“ನಾಲ್ಕನೇ ಸಾಲು ಮೂರನೇ ಸಾಲಿಗೆ ಸೇರಿದ್ದು ಸಾರ್,” ಎಂದಳು ತಿರುಗದೆಯೇ. “ಗಾಯದ ಬೆನ್ನಿಗೆ ಅದರ ಕಾರಣ ಬರೀತೀವಿ. ಮೂರನೇ ಸಾಲು ಏನು?”

“ಎಡಗೈ ಮೂಳೆ ಬಿರುಕು. ವಾಸಿಯಾಗ್ತಿರೋದು.” ಇನ್ಸ್‌ಪೆಕ್ಟರ್ ನಿಟ್ಟುಸಿರು ಬಿಟ್ಟರು. “ಅಜ್ಜನ ಕೈಗೆ ಪ್ಲಾಸ್ಟರ್ ಇತ್ತು. ನಾನೇ ನೋಡಿದ್ದೆ. ಮುದುಕ್ರು, ಎಲ್ಲೋ ಬಿದ್ದಿರಬೇಕು ಅಂದ್ಕೊಂಡೆ.”

“ಬಿದ್ದಿಲ್ಲ. ಹೊಡೆದಿದ್ದಾರೆ, ಯಾವಾಗ್ಲೋ. ಅದು ಈ ತಲೆಪೆಟ್ಟಿನ ಕತೆ ಅಲ್ಲ. ತಲೆಪೆಟ್ಟಿಗೆ ಡಾಕ್ಟ್ರು ಬರ್ದಿರೋದು ‘ಖಚಿತ ಇಲ್ಲ’ ಅಂತ ಮಾತ್ರ. ನೀವು ಹಳೇ ಹಲ್ಲೆ ತಗೊಂಡು ಹೊಸ ಗಾಯಕ್ಕೆ ಅಂಟಿಸಿ, ನನ್ನ ತಮ್ಮನ್ನ ಒಳಗೆ ಹಾಕಿದ್ದೀರಿ.”

ಇನ್ಸ್‌ಪೆಕ್ಟರ್ ಸುಲಭಕ್ಕೆ ಬಗ್ಗುವ ಆಸಾಮಿಯಲ್ಲ. ಸ್ವಲ್ಪ ಹೊತ್ತು ಪೆನ್ಸಿಲಿನಿಂದ ಮೇಜು ಕುಟ್ಟಿದರು. “ಸರಿ, ಒಪ್ಪಿದೆ. ಆದ್ರೆ ಹಳೇ ಪೆಟ್ಟೂ ನಿಮ್ಮ ತಮ್ಮನೇ ಹಾಕಿರಬಹುದಲ್ಲ? ಒಂದ್ಸಲ ಕೈ, ಇನ್ನೊಂದ್ಸಲ ತಲೆ. ಆಗ ಕೇಸು ಇನ್ನೂ ಗಟ್ಟಿ ಆಗುತ್ತೆ.”

ಕೋಡಕ್ಕನ ಹೊಟ್ಟೆಯ ಹಾಲು ಒಡೆಯುವುದರಲ್ಲಿತ್ತು.

“ಯಾವತ್ತು ಹೊಡೆದಿದ್ದು ಅಂತ ನೋಡಿ. ಆವತ್ತೂ ಇಲ್ಲಿಗೇ ಬಂದಿರ್ತಾರೆ. ಅಣ್ಣಾ, ಅಜ್ಜನ ಮೊದಲ ಭೇಟಿಯ ಕಾಗದದ ಫೈಲು ತನ್ನಿ. ಡಾಕ್ಟ್ರ ಕೈಬರಹ ಇರೋದು ಅದರಲ್ಲೇ.”

ಎರಡ್ಬೆರಳಣ್ಣ ಎದ್ದರು. ಕಿಟಕಿಯ ಗಾಜಿನಲ್ಲಿ ಅವರ ಪ್ರತಿಬಿಂಬ ಕಾಣುತ್ತಿತ್ತು. ಮೇಜಿನ ಮೇಲಿನ ದಪ್ಪ ರಿಜಿಸ್ಟರನ್ನು ತಿರುವಿ ಹಾಕದೆ, ಸೀದಾ ಕಪಾಟುಗಳ ನಡುವೆ ನಡೆದು, ಒಂಬತ್ತನೆಯ ಕಪಾಟಿನ ಮೂರನೆಯ ಅರೆಯಿಂದ ಫೈಲೊಂದನ್ನು ಎಳೆದರು. ಹತ್ತಾರು ಸಾವಿರ ಫೈಲುಗಳ ನಡುವೆ ಹೀಗೆ ಕೈಹಾಕಿ ತೆಗೆಯುವವರು ಎಲ್ಲಿ ಸಿಗುತ್ತಾರೆ ಎಂದು ಕೋಡಕ್ಕನಿಗೆ ಹೆಮ್ಮೆಯೆನಿಸಿತು. ಫೈಲು ಕೈಗೆ ಬಂದ ಮೇಲೂ ಅವರು ಅಲ್ಲೇ ನಿಂತಿದ್ದರು. ಬಗ್ಗಿ ಎದ್ದದ್ದಕ್ಕೆ ಮಂಡಿ ಹಿಡಿದಿರಬೇಕು.

“ಅಣ್ಣಾ, ಸಿಕ್ತಾ?”

“ಬಂದೆ ತಂಗೀ.”

ಅವರು ಬಂದು ಮೇಜಿನಾಚೆ ನಿಂತೇ ಓದಿದರು. ಇನ್ಸ್‌ಪೆಕ್ಟರ್ ಒಮ್ಮೆ ಫೈಲಿನತ್ತ ಕತ್ತು ಚಾಚಿ, ಡಾಕ್ಟರರ ಅಕ್ಷರ ಕಂಡದ್ದೇ ಕತ್ತು ವಾಪಸು ಎಳೆದುಕೊಂಡರು. “ಕೋಳಿ ಕೆದರಿದ ಹಾಗಿದೆ. ನೀವೇ ಓದಿ,” ಎಂದರು.

“ಇಪ್ಪತ್ಮೂರು ದಿನದ ಹಿಂದೆ ಸಾರ್. ತುರ್ತು ವಿಭಾಗಕ್ಕೆ ಬಂದಿದ್ದು ಬೆಳಿಗ್ಗೆ ಹತ್ತಕ್ಕೆ. ಎಡಗೈ ಮೂಳೆ ಬಿರುಕು. ಒಂಬತ್ತೂವರೆ ಸುಮಾರಿಗೆ ಕಬ್ಬಿಣದ ಸರಳಿಂದ ಹೊಡೆದ್ರು ಅಂತ ರೋಗಿ ಹೇಳಿಕೆ. ಹೊಡೆದೋರು ಯಾರು ಅಂತ ಹೇಳೋಕೆ ಒಪ್ಪಲಿಲ್ಲ, ಅಂತ ಬರ್ದಿದ್ದಾರೆ.”

“ಕರ್ಕೊಂಡು ಬಂದಿದ್ದು ಯಾರು? ಅದಕ್ಕೂ ಒಂದು ಜಾಗ ಇರುತ್ತಲ್ಲ?”

“ಇರುತ್ತೆ ಸಾರ್, ಅಡಿಯಲ್ಲಿ. ಅಕ್ಷರ ಬಿಡಿಸ್ಬೇಕು. ನಿಧಾನಕ್ಕೆ ಓದಿ ಹೇಳ್ತೀನಿ.”

ಆದರೆ ಕೋಡಕ್ಕನ ಕಿವಿ ‘ಇಪ್ಪತ್ಮೂರು ದಿನ’ ಎಂಬಲ್ಲೇ ನಿಂತುಬಿಟ್ಟಿತ್ತು. ಅವಳು ಬೆರಳು ಮಡಚಿ ಲೆಕ್ಕ ಹಾಕಿದಳು. ಮತ್ತೆ ಹಾಕಿದಳು. ಆಮೇಲೆ ಕುರ್ಚಿಯನ್ನು ಗರ್ರನೆ ತಿರುಗಿಸಿ, ಫೈಲು ಕಣ್ಣಿಗೆ ಬೀಳದಂತೆ ಸೂರು ನೋಡುತ್ತ ನಕ್ಕೇಬಿಟ್ಟಳು.

“ಏನಮ್ಮ, ತಲೆಗಿಲೆ ಕೆಟ್ಟಿತಾ?”

“ಅಪೆಂಡಿಕ್ಸ್ ಸಾರ್! ನನ್ನ ತಮ್ಮನ ಅಪೆಂಡಿಕ್ಸ್! ಆವತ್ತು ಬೆಳಿಗ್ಗೆ ಎಂಟಕ್ಕೆ ಹೊಟ್ಟೆ ಹಿಡ್ಕೊಂಡು ಇದೇ ಆಸ್ಪತ್ರೆಗೆ ಬಂದ. ಮಧ್ಯಾಹ್ನ ಎರಡಕ್ಕೆ ಕೊಯ್ದು ತೆಗೆದ್ರು. ಮೂರು ದಿನ ಇಲ್ಲೇ ಮಲಗಿದ್ದ, ನರ್ಸುಗಳ ತಲೆ ತಿಂದ್ಕೊಂಡು. ನಾನು ಹೇಳಿದ್ದನ್ನ ನಂಬಬೇಡಿ. ಮನೆಯವರ ಫೈಲಿಗೆ ನಾನು ಕೋಡ್ ಹಾಕೋಹಾಗಿಲ್ಲ. ಅದನ್ನ ಮಾಡಿದ್ದೂ ಅಣ್ಣನೇ. ಅಲ್ವಾ ಅಣ್ಣಾ?”

“ಹೌದು,” ಎಂದರು ಎರಡ್ಬೆರಳಣ್ಣ. “ನಾನೇ ಮಾಡಿದ್ದು.”

ಆ ದಾಖಲೆಯೂ ಕಂಪ್ಯೂಟರಿನಲ್ಲಿ ಬಂತು. ಇನ್ಸ್‌ಪೆಕ್ಟರ್ ಸಮಯಗಳನ್ನು ಒಂದೊಂದಾಗಿ ತಮ್ಮ ಪುಸ್ತಕಕ್ಕೆ ಇಳಿಸಿಕೊಂಡರು. ಹೊಟ್ಟೆ ಹಿಡಿದುಕೊಂಡು ಟ್ರಾಲಿಯ ಮೇಲೆ ಹೊರಳಾಡುತ್ತಿದ್ದವನು ಒಂಬತ್ತೂವರೆಗೆ ಎದ್ದುಹೋಗಿ ಸರಳು ಬೀಸಿ ವಾಪಸು ಬಂದು ಮಲಗಿದ ಎಂದು ನ್ಯಾಯಾಧೀಶರ ಮುಂದೆ ಹೇಳಿದರೆ ತಮ್ಮ ಗತಿ ಏನಾದೀತೆಂದು ಅವರಿಗೆ ಹೊಳೆದಿರಬೇಕು. ಪುಸ್ತಕ ಮುಚ್ಚಿದರು.

“ಬಿಡ್ತೀನಿ,” ಎಂದರು.

ಕೋಡಕ್ಕನ ಮೂಗು ಸೊರಗುಟ್ಟಿತು.

“ಅಳಬೇಡಿ ತಾಯಿ, ಮೊದಲೇ ಹಲ್ಲುನೋವು. ತಪ್ಪು ನಮ್ದೂ ಇದೆ. ಯಾರೋ ಫೋನ್ ಮಾಡಿ ನಿಮ್ಮ ತಮ್ಮನ ಮೇಲೆ ಹೇಳಿದ್ರು. ಹೆಸರು ಹೇಳಲಿಲ್ಲ. ಆದ್ರೆ ಎಷ್ಟು ಕರಾರುವಾಕ್ಕಾಗಿ ಹೇಳಿದ ಅಂತೀರಿ! ಪೂರ್ತಿ ಹೆಸರು, ವಯಸ್ಸು, ಮನೆ ನಂಬರು, ಕೆಲಸ, ಒಂದೇ ಉಸಿರಿಗೆ, ಓದಿದ ಹಾಗೆ. ಅದರ ಮೇಲೆ ನಿಮ್ಮ ಈ ಕಾಗದ ಬಂತು. ಇನ್ನೇನು ಬೇಕು ಅನ್ನಿಸ್ತು.”

ಬೇರೆ ದಿನವಾಗಿದ್ದರೆ ಕೋಡಕ್ಕ ಆ ಮಾತನ್ನು ಹಿಡಿದು ಜಗ್ಗುತ್ತಿದ್ದಳು. ಇಂದು ಅವಳಿಗೆ ಕೇಳಿಸಿದ್ದು ‘ಬಿಡ್ತೀನಿ’ ಒಂದೇ.

“ಹೊಸ ಫಾರಮಿನಲ್ಲಿ ಸರಿಯಾದ ಕೋಡು ಬರ್ದುಕೊಡಿ,” ಎಂದರು ಇನ್ಸ್‌ಪೆಕ್ಟರ್. ಎರಡ್ಬೆರಳಣ್ಣ ತಮ್ಮ ಡ್ರಾಯರ್ ಎಳೆದು, ಕಟ್ಟಿನ ಮೇಲಿನಿಂದ ಒಂದು ಹಾಳೆ ತೆಗೆದು, ಏಳು ಚೌಕಗಳಲ್ಲಿ ಏಳು ಅಕ್ಷರ ಬರೆದು ಮೊಹರು ಒತ್ತಿಕೊಟ್ಟರು. “ಆಮೇಲೆ ಆ ಹಳೇ ಫೈಲಿನ ಪುಟದ ಜೆರಾಕ್ಸು ಬೇಕು. ಡಾಕ್ಟ್ರ ಕೈಬರಹ ಇರೋದು. ಅದಿಲ್ಲದೆ ಈ ಡಿ ಬರೀ ಒಂದು ಅಕ್ಷರ. ನಾಳೆ ನನ್ನ ಮೇಲಿನೋರು ‘ಯಾವ ಆಧಾರದ ಮೇಲೆ ಬಿಟ್ಟೆ’ ಅಂದ್ರೆ ನಾನು ಊದಿದ ಕೆನ್ನೆ ತೋರ್ಸೋಕಾಗುತ್ತಾ?”

“ನಮ್ಮ ಮಷೀನು ಕೆಟ್ಟಿದೆ ಸಾರ್,” ಎಂದರು ಎರಡ್ಬೆರಳಣ್ಣ. “ಮೇಲಧಿಕಾರಿ ರುಜುವೂ ಬೇಕು, ಅವರು ಮೀಟಿಂಗಲ್ಲಿದ್ದಾರೆ. ನಾಲ್ಕು ಗಂಟೆಗೆ ಬರ್ತಾರೆ. ನಾನೇ ಸ್ಟೇಷನ್ನಿಗೆ ತಂದುಕೊಡ್ತೀನಿ.”

“ಐದರೊಳಗೆ ಬರಬೇಕು. ಬರಲಿಲ್ಲ ಅಂದ್ರೆ ಹುಡುಗ ಮತ್ತೆ ಒಳಗೆ. ಬೇಜಾರು ಮಾಡ್ಕೋಬಾರ್ದು.”

ಇನ್ಸ್‌ಪೆಕ್ಟರ್ ಹಲ್ಲಿನ ಡಾಕ್ಟರರ ಕಡೆಗೆ ಹೊರಟರು. ಹೊರಡುವ ಮುನ್ನ ಸ್ಟೇಷನ್ನಿಗೆ ಫೋನ್ ಮಾಡಿ, ಎರಡು ಗಂಟೆಗೆ ಹೇಳಿಕೆ ಬರೆಸಿಕೊಂಡು ಹುಡುಗನನ್ನು ಕಳಿಸಿ ಎಂದರು. ಅವರು ಬಾಗಿಲು ದಾಟಿದ್ದೇ ತಡ, ಕೋಡಕ್ಕ ಎರಡ್ಬೆರಳಣ್ಣನ ಮುಂದೆ ನಿಂತು ಎರಡೂ ಕೈ ಜೋಡಿಸಿದಳು.

“ಅಣ್ಣಾ, ನಿಮ್ಮ ಋಣ ನಾನು ಹೇಗೆ ತೀರಿಸ್ಲಿ?”

ಅವರು ಕನ್ನಡಕ ತೆಗೆದು ಒರೆಸಿಕೊಂಡರು. ಟೇಪು ಸುತ್ತಿದ ಕಾಲು ಬೆರಳಿನಲ್ಲಿ ಅಲ್ಲಾಡುತ್ತಿತ್ತು. “ನಂದೇ ತಪ್ಪು ತಂಗೀ, ಋಣ ಏನು ಬಂತು. ಹುಡುಗ ಹೊರಗೆ ಬರ್ಲಿ. ಅಷ್ಟಾದ್ರೆ ಸಾಕು.”

“ಫೈಲು?”

“ನನ್ನ ಹತ್ರ ಇರುತ್ತೆ. ನೀನು ಮುಟ್ಟೋಹಾಗಿಲ್ವಲ್ಲ. ನೀನು ಹೋಗು.”

ಅವಳು ಹೋದಳು. ಹೋದಳು ಎಂದರೆ ನಡೆದಳು ಎಂದಲ್ಲ. ನಲವತ್ತಾರು ವರ್ಷದ ಹೆಂಗಸು ಮೆಟ್ಟಿಲುಗಳನ್ನು ಎರಡೆರಡಾಗಿ ಇಳಿದಳು.

ತಮ್ಮ ಎರಡೂಕಾಲು ಗಂಟೆಗೆ ಸ್ಟೇಷನ್ನಿನ ಗೇಟಿನಿಂದ ಈಚೆ ಬಂದ. ಗಡ್ಡ ಬೆಳೆದಿತ್ತು, ಅಂಗಿ ಮುದುಡಿತ್ತು, ಸ್ಪ್ಯಾನರಿನ ಚೀಲವನ್ನು ಕೂಸಿನಂತೆ ಎದೆಗೆ ಅವಚಿಕೊಂಡಿದ್ದ. ಅವನನ್ನು ಕಂಡದ್ದೇ ಕೋಡಕ್ಕನಿಗೆ ಹೋದ ಜೀವ ಬಂದಂತಾಯಿತು. ಓಡಿಹೋಗಿ ಬೆನ್ನಿಗೆ ದಬದಬ ಎರಡು ಗುದ್ದಿದಳು.

“ಅಯ್ಯೋ, ಹಲ್ಲೆ! ಹಲ್ಲೆ!” ಎಂದು ಕೂಗಿದ ತಮ್ಮ. “ಇದಕ್ಕೆ ಯಾವ ಕೋಡಕ್ಕಾ?”

“ಬರೀಗೈಲಿ ಹೊಡೆದಿದ್ದಕ್ಕೆ ಬೇರೆ ಇದೆ ಕತ್ತೆ! ಎ ಹಾಕ್ತೀನಿ ಇರು, ಇವತ್ತೇ ಶುರು!”

ಇಬ್ಬರೂ ನಕ್ಕರು, ನಗುತ್ತ ಅತ್ತರು. ಸ್ಟೇಷನ್ನಿನ ಎದುರು ಟೀ ಅಂಗಡಿಯಿತ್ತು. ತಮ್ಮ ಮೂರು ಬನ್ನು ತಿಂದ. ನಾಲ್ಕನೆಯದಕ್ಕೆ ಕೈಹಾಕಿದಾಗ ಕೋಡಕ್ಕ ನಡೆದದ್ದನ್ನೆಲ್ಲ ಹೇಳಿದಳು. ಆರು ಚೌಕ, ಡಿ, ಅಪೆಂಡಿಕ್ಸ್. ಎರಡು ದಿನದ ಭಾರ ಇಳಿದು ಅವಳ ಮಾತು ಹೊಳೆಯಂತೆ ಹರಿಯುತ್ತಿತ್ತು. ಬಿಸಿಲು ಬ್ಯಾಂಚಿನ ಮೇಲೆ ಬಿದ್ದಿತ್ತು. ಇಷ್ಟು ರುಚಿಯಾದ ಟೀ ತಾನು ಕುಡಿದೇ ಇಲ್ಲ ಎನ್ನಿಸಿತು ಅವಳಿಗೆ.

“ಹಾಗಾದ್ರೆ ಅಜ್ಜನಿಗೆ ಯಾರೋ ಹೊಡೆದಿದ್ದು ಎಲ್ರಿಗೂ ಗೊತ್ತಾಯ್ತಾ?” ಎಂದ ತಮ್ಮ.

“ಆಯ್ತು.”

ಅವನು ಬನ್ನನ್ನು ತಟ್ಟೆಗೆ ವಾಪಸು ಇಟ್ಟ.

“ಅಕ್ಕಾ, ಹಾಗಾದ್ರೆ ಇನ್ನು ಹೇಳಬಹುದು. ಯಾರಿಗೂ ಹೇಳಬೇಡ ಅಂತ ಅಜ್ಜ ಆಣೆ ಹಾಕಿಸ್ಕೊಂಡಿದ್ರು. ಅದಕ್ಕೇ ಪೊಲೀಸರ ಹತ್ರನೂ ಬಾಯಿ ಬಿಡಲಿಲ್ಲ.”

“ಏನೋ ಅದು?”

“ಆವತ್ತು ನಾನು ಹೊಟ್ಟೆನೋವಲ್ಲಿ ಟ್ರಾಲಿ ಮೇಲೆ ಮಲಗಿದ್ನಲ್ಲ, ನೀನು ದುಡ್ಡು ಕಟ್ಟೋಕೆ ಹೋಗಿದ್ದೆ. ಪಕ್ಕದ ಟ್ರಾಲಿಗೆ ಅಜ್ಜನ್ನ ತಂದ್ರು. ನಡುವೆ ಒಂದು ಪರದೆ. ಅಜ್ಜನ ಜೊತೆ ಒಬ್ಬ ಇದ್ದ. ಮೆಲ್ಲಗೆ ಮಾತಾಡ್ತಿದ್ದ, ಆದ್ರೂ ನಂಗೆ ಕೇಳಿಸ್ತಿತ್ತು. ‘ಅಪ್ಪಾ, ಬಿದ್ದೆ ಅಂತ ಹೇಳು. ಅಷ್ಟೇ ಹೇಳು. ಮಗ ಹೊಡೆದ ಅನ್ನಬೇಡ’ ಅಂತ.”

“ಅಪ್ಪಾ ಅಂದ್ನಾ?”

“ಹ್ಞೂಂ. ಪರದೆ ಸಂದಿಂದ ನೋಡ್ದೆ. ಅವನೂ ನನ್ನ ನೋಡ್ದ. ಮೊನ್ನೆ ಲಿಫ್ಟ್ ರಿಪೇರಿಗೆ ಹೋದಾಗ ಅಜ್ಜ ಸಿಕ್ಕಿದ್ರು. ‘ಕೈ ಹೇಗಿದೆ ಅಜ್ಜಾ, ನಿಮ್ಮ ಮಗ ಮತ್ತೆ ಹೊಡೆದ್ನಾ’ ಅಂತ ಕೇಳ್ದೆ ಅಷ್ಟೇ. ‘ನಿಂಗ್ಯಾಕೆ ಬೇಕು’ ಅಂತ ಕೂಗಾಡಿದ್ರು. ಅದನ್ನೇ ಎಲ್ರೂ ಜಗಳ ಅಂದಿದ್ದು. ಕೂಗಾಡಿ, ಆಮೇಲೆ ಅವರೇ ಅತ್ತು ಆಣೆ ಹಾಕಿಸ್ಕೊಂಡ್ರು.”

ಕೋಡಕ್ಕ ಟೀ ಲೋಟವನ್ನು ಕೆಳಗಿಟ್ಟಳು. ಅವಳ ವೃತ್ತಿಯ ಕಿವಿ ಈಗ ಎಚ್ಚರವಾಗಿತ್ತು. “ಮಗ ನೋಡೋಕೆ ಹೇಗಿದ್ದ?”

“ವಯಸ್ಸಾಗಿದೆ, ನಿನಗಿಂತ ಹತ್ತು ವರ್ಷಕ್ಕೆ ದೊಡ್ಡೋನು. ಕೊರಳಲ್ಲಿ ನಿಮ್ಮ ಆಸ್ಪತ್ರೇದೇ ಗುರುತಿನ ಬಿಲ್ಲೆ ನೇತಾಡ್ತಿತ್ತು. ಆಮೇಲೆ…” ತಮ್ಮ ತನ್ನ ಕಿವಿಯ ಮೇಲೆ ಬೆರಳಿಟ್ಟು ತೋರಿಸಿದ. “ಕನ್ನಡಕದ ಈ ಕಾಲಿಗೆ ಬಿಳಿ ಟೇಪು ಸುತ್ಕೊಂಡಿದ್ದ. ಗಾಯಕ್ಕೆ ಹಾಕ್ತಾರಲ್ಲ, ಅದು.”

ರಸ್ತೆಯ ಮೇಲೆ ಬಸ್ಸೊಂದು ಹಾದುಹೋಯಿತು. ಕೋಡಕ್ಕನಿಗೆ ಅದರ ಸದ್ದು ಕೇಳಿಸಲಿಲ್ಲ. ರಿಜಿಸ್ಟರ್ ನೋಡದೆಯೇ ಕೈಗೆ ಸಿಕ್ಕ ಫೈಲು. ಮುಗಿದುಹೋಗಿದೆ ಎಂದ ಹೊಸ ಫಾರಮಿನ ಕಟ್ಟು, ಅವರದೇ ಡ್ರಾಯರಿನಲ್ಲಿ. ಹೆಸರು, ವಯಸ್ಸು, ಮನೆ ನಂಬರು, ಕೆಲಸ. ಅದು ಆಸ್ಪತ್ರೆ ಫೈಲಿನ ಮೊದಲ ಪುಟದ ಕ್ರಮ. ತಮ್ಮನ ಫೈಲಿಗೆ ಕೋಡ್ ಹಾಕಿದ್ದು ಯಾರು ಎಂದು ಅವಳೇ ಇನ್ಸ್‌ಪೆಕ್ಟರಿಗೆ ಹೆಮ್ಮೆಯಿಂದ ಹೇಳಿದ್ದಳು.

ಆ ಪುಟದ ಅಡಿಯಲ್ಲಿ ‘ಕರೆತಂದವರು’ ಎಂಬ ಜಾಗದಲ್ಲಿ ಏನಿದೆಯೆಂದು ಇನ್ಸ್‌ಪೆಕ್ಟರ್ ಓದಿರಲಿಲ್ಲ. ಅವಳೂ ಓದಿರಲಿಲ್ಲ. ಓದುವುದಿಲ್ಲ ಎಂದು ಬರೆದುಕೊಟ್ಟು, ಕಿಟಕಿಗೆ ಮುಖ ಮಾಡಿ ಕೂತಿದ್ದಳು. ಆ ಕೈಬರಹ ಐದು ಗಂಟೆಯೊಳಗೆ ಸ್ಟೇಷನ್ ಸೇರದಿದ್ದರೆ, ಬನ್ನಿನ ತುಣುಕು ಗಲ್ಲಕ್ಕೆ ಅಂಟಿಸಿಕೊಂಡು ಕೂತ ಈ ಹುಡುಗ ಮತ್ತೆ ಒಳಗೆ.

“ಅಕ್ಕಾ, ಏನಾಯ್ತು?”

ಅವಳು ಫೋನ್ ತೆಗೆದು ರೆಕಾರ್ಡ್ ರೂಮಿನ ನಂಬರ್ ಒತ್ತಿದಳು. ಎರಡು ಸಲ ರಿಂಗಾಯಿತು. ಎತ್ತಿದರು.

“ಅಣ್ಣಾ,” ಎಂದಳು, ಏನೂ ಗೊತ್ತಿಲ್ಲದವಳ ದನಿಯಲ್ಲಿ. “ಹುಡುಗ ಹೊರಗೆ ಬಂದ. ಆ ಫೈಲಿನ ಜೆರಾಕ್ಸ್ ಆಯ್ತಾ ಅಂತ ಕೇಳೋಣ ಅಂತ ಮಾಡ್ದೆ.”

ಅತ್ತ ಕಡೆಯಿಂದ ಎಂದಿನ ಅದೇ ಮೆತ್ತನೆಯ ದನಿ.

“ಯಾವ ಫೈಲು, ತಂಗೀ?”